ಗಡಿಯಾರ ಮುಂದಕ್ಕೆ ತಿರುಗಿಸಿದ ಊರು

ಪ್ರೀತಿಯ ತಂಗಿ ಮಿನಿಯಾಗೆ,

ನಿನ್ನ ಅಕ್ಕ ತೆಸಿಂಗ್ ಮಾಡುವ ಆಶೀರ್ವಾದಗಳು. ಸೋಮವಾರ ನೀನು ಹಾಂಗ್‌ಕಾಂಗ್‌ನಿಂದ ಕಳಿಸಿದ ಮಾತಿನ ಮೆಸೇಜ್ ಕೇಳಿದೆ. ಫೋನಿನಲ್ಲೇ ಉತ್ತರ ಕೊಡಬಹುದಿತ್ತು. ಆದರೆ ನಮ್ಮಿಬ್ಬರ ಫೋನು ಹೇಗಿರುತ್ತದೆ ಎಂದು ನಿನಗೇ ಗೊತ್ತು. ನಾನು ಬೈಯುತ್ತೇನೆ, ನೀನು ಅಳುತ್ತೀಯ, ಆಮೇಲೆ ಇಬ್ಬರೂ ಒಣಮೀನಿನ ರೇಟಿನ ಬಗ್ಗೆ ಮಾತಾಡಿ ಇಟ್ಟುಬಿಡುತ್ತೇವೆ. ಹೇಳಬೇಕಾದ್ದು ಗಂಟಲಲ್ಲೇ ಉಳಿಯುತ್ತದೆ. ನಮ್ಮ ಬೀದಿಯ ಪಾಸಿಂಗ್ ಶನಿವಾರ ಇಲ್ಲಿಂದ ಹೊರಟು ಅಲ್ಲಿ ಕೆಲಸಕ್ಕೆ ಸೇರುತ್ತಿದ್ದಾಳೆ. ಭಾನುವಾರದ ರಜೆಗೆ ನೀವೆಲ್ಲ ನಮ್ಮ ಇಲೊಯ್ಲೊ ಊರಿನ ಹೆಂಗಸರು ಸೇತುವೆಯ ಕೆಳಗೆ ರಟ್ಟು ಹಾಸಿಕೊಂಡು ಕೂರುತ್ತೀರಲ್ಲ, ಅಲ್ಲಿಗೆ ಬಂದು ಈ ಕಾಗದ ಕೊಡುತ್ತಾಳೆ. ಊಟ ಮುಗಿಸಿ, ಗೆಳತಿಯರಿಂದ ಸ್ವಲ್ಪ ದೂರ ಹೋಗಿ ಓದು.

ನಿನ್ನ ಮೆಸೇಜಿನ ಮಾತು ನನಗೆ ಬಾಯಿಪಾಠವಾಗಿದೆ. "ಇನ್ನೆರಡು ವರ್ಷದ ಕೆಲಸಕ್ಕೆ ಸಹಿ ಹಾಕ್ಬಿಟ್ಟೆ ಮನಾಂಗ್, ಅಕ್ಕಾ. ಡಿಸೆಂಬರ್‌ಗೆ ಬರೋಕಾಗಲ್ಲ. ನನ್ನ ಕಂದ ಲಿವೈಗೆ ನೀನೇ ಹೇಗಾದ್ರೂ ಹೇಳು. ಏಜೆನ್ಸಿಯವ್ರು ಕಾಗದಪತ್ರ ತಡ ಮಾಡಿದ್ರು ಅನ್ನು. ನಿಂಗೆ ಹೇಳೋಕೆ ಬರುತ್ತೆ, ನಂಗೆ ಬರಲ್ಲ."

ಬರುತ್ತದೆ ನಿಜ. ಇದ್ದದ್ದನ್ನು ಇಲ್ಲದ ಹಾಗೆ, ಇಲ್ಲದ್ದನ್ನು ಇದ್ದ ಹಾಗೆ ಮಾಡಿಕೊಡುವುದೇ ನನ್ನ ಹೊಟ್ಟೆಪಾಡು. ಮಾರ್ಕೆಟ್ಟಿನ ಮೇಲಿನ ಅಟ್ಟದಲ್ಲಿ, ಹೊಲಿಗೆಯವಳಿಗೂ ಕನ್ನಡಕದವನಿಗೂ ನಡುವೆ ಕೂತು, ಊರಿನವರ ಅಂಗೈಯಗಲದ ಗೇಮ್ ಯಂತ್ರಗಳನ್ನು ಬಿಚ್ಚಿ ಮುಚ್ಚುತ್ತೇನೆ. ಕೈ ಕೆಸರಾದರೆ ಬಾಯಿ ಮೊಸರು ಎನ್ನುತ್ತಾರಲ್ಲ, ಕೆಸರು ಮುಟ್ಟದೆ ಮೊಸರು ಕೇಳುವವರೇ ನನ್ನ ಗಿರಾಕಿಗಳು. ಒಂದು ಸಾಲು ಚೀಟ್ ಕೋಡ್ ಹಾಕಿಕೊಟ್ಟರೆ ಅವರ ಯೋಧನಿಗೆ ಏಟೇ ತಾಗುವುದಿಲ್ಲ. ಆಟ ಎಲ್ಲಿಗೆ ನಿಂತಿದೆ ಎಂದು ಯಂತ್ರ ಬರೆದಿಟ್ಟುಕೊಂಡ ಸೇವ್ ಫೈಲನ್ನು ಕಂಪ್ಯೂಟರಿನಲ್ಲಿ ತೆರೆದು ನಾಲ್ಕು ಅಂಕೆ ತಿದ್ದಿದರೆ ನಿನ್ನೆಯ ಭಿಕಾರಿ ಇವತ್ತು ರಾಜ. ಹೋದ ತಿಂಗಳು ಚರ್ಚಿನ ಫಾದರ್ ಅನಿಸೆಟೊ ತಮ್ಮ ತಂಗಿಯ ಮಗನ ಯಂತ್ರ ಹಿಡಿದು ಬಂದಿದ್ದರು. "ಸಾಯ್ದೇ ಇರೋ ಹಂಗೆ ಮಾಡ್ಕೊಡಮ್ಮ ತೆಸಿಂಗ್" ಎಂದರು. "ನಿತ್ಯಜೀವ ನಿಮ್ಮ ಇಲಾಖೆ ಅಲ್ವಾ ಫಾದರ್?" ಎಂದೆ. "ನಮ್ಮಲ್ಲಿ ತುಂಬಾ ಕಾಯ್ಬೇಕು" ಎಂದರು. ಹೊಲಿಗೆಯವಳು ಸೂಜಿ ಚುಚ್ಚಿಕೊಳ್ಳುವಷ್ಟು ನಕ್ಕಳು.

ನೀನು ಇಲ್ಲಿದ್ದಾಗ ನನ್ನನ್ನು ಮೋಸ ಮಾರುವವಳು ಎಂದು ಛೇಡಿಸುತ್ತಿದ್ದೆ. ನಾನು ಒಪ್ಪಿಕೊಳ್ಳುತ್ತಿರಲಿಲ್ಲ, ಈಗಲೂ ಒಪ್ಪುವುದಿಲ್ಲ. ಆಟದಲ್ಲಿ ತಿದ್ದುವುದರಿಂದ ಯಾರ ಮನೆಯೂ ಮುರಿಯುವುದಿಲ್ಲ. ದಿನವಿಡೀ ಕಾಲ್ ಸೆಂಟರಿನಲ್ಲಿ ಯಾರದೋ ಬೈಗುಳ ತಿಂದು ಬಂದ ಹುಡುಗನಿಗೆ ಅರ್ಧ ಗಂಟೆ ಗೆಲ್ಲಬೇಕು ಅನ್ನಿಸಿದರೆ ಗೆಲ್ಲಲಿ ಬಿಡು. ಆದರೆ ಏನನ್ನು ತಿದ್ದಬಹುದು, ಏನನ್ನು ತಿದ್ದಬಾರದು ಎಂಬುದು ಇಷ್ಟು ವರ್ಷದಲ್ಲಿ ಬೆರಳಿಗೆ ಗೊತ್ತಾಗಿದೆ. ಅದಕ್ಕೇ ನಿನಗೆ ಉತ್ತರ ಕೊಡುವ ಮೊದಲು ಈ ವಾರ ಏನಾಯಿತು ಎಂದು ಹೇಳಬೇಕು.

ಹೊರಡುವ ಮುಂಚೆ ನೀನೂ ಲಿವೈಯೂ ಸೇರಿ ಅವಳ ಯಂತ್ರದಲ್ಲಿ ಒಂದು ಊರು ಕಟ್ಟಿದಿರಲ್ಲ, ಪ್ರಾಣಿಗಳೇ ನೆರೆಹೊರೆಯವರಾಗಿರುವ ಆ ಊರು. ಅವಳಿಗಾಗ ಏಳು ವರ್ಷ. ಹೊಳೆಯ ಈಚೆ ಅವಳ ಮನೆ, ಆಚೆ ನಿನ್ನದು. ಆ ಯಂತ್ರ ಹಿಡಿದು ನೀನೇ ಆಡಿದರೆ ಮಾತ್ರ ನಿನ್ನ ಗೊಂಬೆ ಎದ್ದು ಓಡಾಡುತ್ತದೆ. ಹಾಗಾಗಿ ನಾಲ್ಕು ವರ್ಷದಿಂದ ನೀನು ಅಲ್ಲಿ ಮಲಗೇ ಇದ್ದೀಯ. ಲಿವೈ ಒಂದು ದಿನವೂ ನಿನ್ನ ಹೆಸರಿನಲ್ಲಿ ಆಡಿದವಳಲ್ಲ. ಬರೀ ಬಾಗಿಲ ಹತ್ತಿರ ಹೋಗಿ ನಿಂತು ಬರುತ್ತಾಳೆ. ಮೊಂಚೊ ನೆನಪಿದ್ದಾನಲ್ಲ, ಆ ಸಿಡುಕ ಆಮೆ? "ಥೇಟ್ ನಮ್ಮಪ್ಪನ ಹಂಗೇ ಗೊಣಗ್ತಾನೆ" ಎಂದು ನೀನು ನಗುತ್ತಿದ್ದೆ. ಅವನು ದಿನಾ ಅವಳನ್ನು ನಿಲ್ಲಿಸಿ ಏನಾದರೊಂದು ತಪ್ಪು ಹುಡುಕುತ್ತಿದ್ದ, ಅವಳು ದಿನಾ ಅವನಿಗೊಂದು ಪೇರಲೆ ಹಣ್ಣು ಕೊಡುತ್ತಿದ್ದಳು.

ಆ ಊರಿಗೆ ನಮ್ಮದೇ ಗಡಿಯಾರ. ಇಲ್ಲಿ ಸಂಜೆಯಾದರೆ ಅಲ್ಲೂ ಸಂಜೆ, ಇಲ್ಲಿ ಕ್ರಿಸ್ಮಸ್ ಬಂದರೆ ಅಲ್ಲೂ ಕ್ರಿಸ್ಮಸ್. ತಾಳ್ಮೆಯಿಲ್ಲದವರು ಯಂತ್ರದ ತಾರೀಖನ್ನು ಮುಂದಕ್ಕೆ ತಿರುಗಿಸಿ ಹಬ್ಬವನ್ನು ಈಗಲೇ ಕರೆಸಿಕೊಳ್ಳುತ್ತಾರೆ. ಕೋಡೂ ಬೇಡ, ಕಂಪ್ಯೂಟರೂ ಬೇಡ, ಇದು ಮಕ್ಕಳೆಲ್ಲರಿಗೂ ಗೊತ್ತಿರುವ ಮೋಸ. ಒಂದೆರಡು ದಿನ ತಿರುಗಿಸಿದರೆ ಏನೂ ಆಗುವುದಿಲ್ಲ. ವರ್ಷಗಟ್ಟಲೆ ತಿರುಗಿಸಿದರೆ, ನೀನು ಅಷ್ಟು ವರ್ಷ ಊರು ಬಿಟ್ಟು ಹೋಗಿದ್ದೆ ಎಂದೇ ಆ ಊರು ತಿಳಿಯುತ್ತದೆ. ಮತ್ತೆ ಹಿಂದಕ್ಕೆ ತಿರುಗಿಸಿದರೂ ಹೋದದ್ದು ಬರುವುದಿಲ್ಲ.

ಮಂಗಳವಾರ ಲಿವೈ ಶಾಲೆಯಿಂದ ನೇರ ಅಂಗಡಿಗೆ ಬಂದಳು. ಅವಳಿಗೆಂದು ಕೆಳಗಿನಿಂದ ಬಾಚೊಯ್ ತರಿಸಿದ್ದೆ. ನೂಡಲ್ಸ್ ಊದಿ ಸಾರೆಲ್ಲ ಹೀರಿಕೊಂಡರೂ ಅವಳು ಬಟ್ಟಲು ಮುಟ್ಟಲಿಲ್ಲ. ಯಂತ್ರವನ್ನು ನನ್ನ ಮುಂದೆ ಸರಿಸಿದಳು. ನೋಡಿದೆ. ಹೊಳೆಯ ದಂಡೆ ಕಾಣದಷ್ಟು ಕಳೆ. ಹೂವೆಲ್ಲ ಒಣಗಿ ಹೋಗಿದ್ದವು. ಅವಳ ಮನೆಯೊಳಗೆ ಜಿರಳೆ. ಉಳಿದಿದ್ದ ಒಂದಿಬ್ಬರು ನೆರೆಯವರು ಅವಳನ್ನು ಕಂಡದ್ದೇ, ಇಷ್ಟು ವರ್ಷ ಎಲ್ಲಿ ಹೋಗಿದ್ದೆ, ನಮ್ಮನ್ನೆಲ್ಲ ಮರೆತೆ ಅಂದುಕೊಂಡಿದ್ದೆವು ಎನ್ನುತ್ತಿದ್ದರು. ಮೊಂಚೊನ ಮನೆ ಇದ್ದಲ್ಲಿ ಖಾಲಿ ಜಾಗ ಎಂಬ ಒಂದು ಬೋರ್ಡು ಮಾತ್ರ ನಿಂತಿತ್ತು.

"ತಿಯಾ, ದೊಡ್ಡಮ್ಮಾ, ಮುಂಚೆ ಇದ್ದ ಹಂಗೇ ಮಾಡ್ಕೊಡು" ಎಂದಳು. ಅಷ್ಟೇ. ಅಳಲಿಲ್ಲ.

ಸೇವ್ ಫೈಲು ಮುಟ್ಟುವ ಮೊದಲು ಒಂದು ನಕಲು ತೆಗೆದಿಡಿ ಎಂದು ಊರಿಗೆಲ್ಲ ಬೋಧನೆ ಮಾಡುವವಳು ನಾನು, ನನ್ನ ಮನೆಯ ಮಗುವಿನ ಊರಿನದೊಂದು ಹಳೆಯ ನಕಲು ಇಟ್ಟಿರಲಿಲ್ಲ. ಹೇಳೋದು ಆಚಾರ, ತಿನ್ನೋದು ಬದನೆಕಾಯಿ. ಹಾಳಾದ ಊರಿನ ನಕಲೊಂದನ್ನು ತೆಗೆದಿಟ್ಟುಕೊಂಡು ಕೆಲಸಕ್ಕೆ ಕೂತೆ. ಫೈಲು ತೆರೆದ ಕೂಡಲೇ ಅವಳು ತಿರುಗಿಸಿದ ತಾರೀಖು ಕಂಡಿತು. ನೀನು ಬರಬೇಕಿದ್ದ ಈ ಡಿಸೆಂಬರ್ ಇರಬೇಕು ಎಂದುಕೊಂಡಿದ್ದೆ. ಅದಲ್ಲ. ಅದಕ್ಕಿಂತ ಎರಡು ವರ್ಷ ಆಚೆಯ ಡಿಸೆಂಬರ್.

"ಈ ವರ್ಷನೇ ಯಾಕೆ ಹಾಕ್ದೆ ಇಂದಾಯ್, ಪುಟ್ಟೀ?" ಎಂದು ಕೇಳಿದೆ.

"ಅಷ್ಟು ದಿನ ಆದ್ಮೇಲೆ ಏನಾಗಿರುತ್ತೆ ಅಂತ ನೋಡ್ಬೇಕಿತ್ತು" ಎಂದಳು, ಬಟ್ಟಲಿನ ಕಡೆ ನೋಡುತ್ತ.

ಆಗ ನನಗೆ ಹೊಳೆಯಿತು ಮಿನಿಯಾ. ಸೋಮವಾರ ನಿನ್ನ ಮೆಸೇಜ್ ಬಂದಾಗ ನಾನು ಗಿರಾಕಿಯ ಜೊತೆ ಚೌಕಾಸಿಯಲ್ಲಿದ್ದೆ, ಫೋನು ಲಿವೈ ಕೈಯಲ್ಲಿತ್ತು. "ಅಮ್ಮನ ಮೆಸೇಜ್ ಬಂದಿದೆ ತಿಯಾ, ನಾನು ಕೇಳಿಲ್ಲ" ಎಂದು ತಾನಾಗಿಯೇ ಹೇಳಿ ಕೊಟ್ಟಿದ್ದಳು. ಕೇಳದ ಮಗು ಕೇಳಿಲ್ಲ ಎಂದು ಯಾಕೆ ಹೇಳುತ್ತದೆ ಎಂದು ಯೋಚಿಸುವಷ್ಟು ಬುದ್ಧಿ ನನಗಾಗ ಇರಲಿಲ್ಲ. ನೀನು ಸಹಿ ಹಾಕಿದ್ದೂ, ಅವಳಿಗೆ ಸುಳ್ಳು ಹೇಳು ಎಂದು ನನಗೆ ಹೇಳಿದ್ದೂ, ಎರಡನ್ನೂ ಅವಳು ನನಗಿಂತ ಮೊದಲೇ ಕೇಳಿದ್ದಾಳೆ.

ಕೈಗೆ ಗೊತ್ತಿದ್ದ ಕೆಲಸ ಮಾಡಿದೆ. ಕಳೆಯೆಲ್ಲ ಅಳಿಸಿದೆ. ಹೂವು ನೆಟ್ಟೆ. ಜಿರಳೆ ತೆಗೆದೆ. ಹೋದ ನೆರೆಯವರನ್ನು ಒಬ್ಬೊಬ್ಬರಾಗಿ ಅವರವರ ಜಾಗದಲ್ಲಿ ಕೂರಿಸಿದೆ. ಮೊಂಚೊನನ್ನು ಅವನ ಹಳೆಯ ಮನೆ, ಹಳೆಯ ಅಂಗಿ ಸಮೇತ ತಂದಿಟ್ಟೆ. ನನ್ನ ಕೆಲಸದ ಬಗ್ಗೆ ನನಗೆ ಜಂಬವಿದೆ, ಕೂದಲೆಳೆಯಷ್ಟೂ ವ್ಯತ್ಯಾಸ ಇರಲಿಲ್ಲ. ಯಂತ್ರ ವಾಪಸ್ ಕೊಟ್ಟೆ. ಅವಳು ಖುಷಿಯಿಂದಲೇ ತೆಗೆದುಕೊಂಡು ಹೊಳೆ ದಾಟಿ ಮೊಂಚೊನ ಮುಂದೆ ನಿಂತಳು, ಪೇರಲೆ ಹಿಡಿದು. ಅವನು ಅವಳನ್ನು ನೋಡಿ, ನಮಸ್ಕಾರ, ನೀವು ಈ ಊರಿಗೆ ಹೊಸಬರಾ, ನಿಮ್ಮ ಹೆಸರೇನು ಎಂದು ಕೇಳಿದ.

ತಂದಿಟ್ಟವನಿಗೆ ಹಳೆಯ ನೆನಪು ಇರುವುದಿಲ್ಲ. ನನಗೆ ಗೊತ್ತಿದ್ದದ್ದೇ. ಮಗು ಅದನ್ನು ಅಷ್ಟು ಮನಸ್ಸಿಗೆ ಹಚ್ಚಿಕೊಳ್ಳುತ್ತದೆ ಎಂದು ಗೊತ್ತಿರಲಿಲ್ಲ. ಆಗ ಅತ್ತಳು ನೋಡು. ಕನ್ನಡಕದವನು ಕೆಲಸ ಬಿಟ್ಟು ಬಂದು ನೋಡುವಷ್ಟು ಅತ್ತಳು. ಬಿಕ್ಕುತ್ತಲೇ ಹೇಳಿದಳು, "ಹಾಳಾಗಿದ್ದದ್ದನ್ನೇ ವಾಪಸ್ ಹಾಕ್ಕೊಡು ತಿಯಾ. ಅದ್ರಲ್ಲಿ ಮೊಂಚೊ ಬಿಟ್ಟು ಹೋದ ಅಂತಾದ್ರೂ ಇತ್ತು. ಇದ್ರಲ್ಲಿ ಅವನು ಯಾವತ್ತೂ ಇರ್ಲೇ ಇಲ್ಲ ಅನ್ನೋ ಹಂಗಿದೆ."

ಇಷ್ಟು ವರ್ಷದಲ್ಲಿ ಹಾಳಾದದ್ದನ್ನೇ ವಾಪಸ್ ಕೊಡು ಎಂದು ಕೇಳಿದ ಗಿರಾಕಿ ನನಗೆ ಸಿಕ್ಕಿರಲಿಲ್ಲ. ನಕಲು ಇತ್ತು, ಹಾಕಿಕೊಟ್ಟೆ. ಅಂದಿನಿಂದ ದಿನಾ ಹೋಂವರ್ಕ್ ಮುಗಿಸಿ ಕೂತು ಕಳೆ ಕೀಳುತ್ತಾಳೆ, ಒಂದೊಂದೇ ಗಿಡ. "ಒಂದು ಚಿಟಿಕೆಯಲ್ಲಿ ತೆಗೆದುಕೊಡ್ತೀನಿ ಬಾರೇ" ಎಂದರೆ ಕೈ ಅಡ್ಡ ಹಿಡಿಯುತ್ತಾಳೆ. ಅವಳ ಅಂಗಳ ಆಯಿತು, ದಂಡೆ ಆಯಿತು, ಮೊಂಚೊನ ಖಾಲಿ ಜಾಗವೂ ಆಯಿತು. ನಿನ್ನ ಮನೆಯ ಮುಂದಿನದನ್ನು ಮಾತ್ರ ಕಿತ್ತಿಲ್ಲ. ಯಾಕೆ ಎಂದು ಕೇಳಿದೆ. "ಅದು ಅಮ್ಮನ ಕೆಲಸ" ಎಂದಳು.

ಈಗ ನಿನ್ನ ಮಾತಿಗೆ ಬರುತ್ತೇನೆ. ನೀನು ಸಹಿ ಹಾಕಿದ್ದು ತಪ್ಪು ಎಂದು ನಾನು ಹೇಳುವುದಿಲ್ಲ. ಬಿರುಗಾಳಿ ಹೊತ್ತೊಯ್ದ ಮಾಡಿಗೆ ಇನ್ನೂ ತಾಡಪಾಲೇ ಗತಿ. ಅವಳ ಶಾಲೆ ಇದೆ. ಅವಳಪ್ಪನ ಹೆಸರೆತ್ತಿ ಈ ಕಾಗದ ಮೈಲಿಗೆ ಮಾಡಲಾರೆ. ನೀನು ನೋಡಿಕೊಳ್ಳುವ ಆ ಮುದುಕರು ನಿನ್ನನ್ನು ಬಿಟ್ಟರೆ ಯಾರ ಕೈಯಿಂದಲೂ ಗಂಜಿ ಕುಡಿಯುವುದಿಲ್ಲವಂತೆ. ನಾನು ನಿನ್ನ ಜಾಗದಲ್ಲಿದ್ದರೆ ನಾನೂ ಸಹಿ ಹಾಕುತ್ತಿದ್ದೆ, ಬಹುಶಃ ನಿನಗಿಂತ ಬೇಗ. ನೀನು ಸ್ನಾನದ ಮನೆಯ ನಲ್ಲಿ ಬಿಟ್ಟುಕೊಂಡು ಆ ಮೆಸೇಜ್ ಮಾಡಿದ್ದೀಯ ಎಂದೂ ಗೊತ್ತಾಯಿತು, ನೀರಿನ ಸದ್ದು ಕೇಳುತ್ತಿತ್ತು. ನಿನ್ನ ಮೇಲೆ ನನಗೆ ಸಿಟ್ಟಿಲ್ಲ ಮಿನಿಯಾ, ಸಂಕಟ ಅಷ್ಟೇ.

ಆದರೆ ಆ ಸುಳ್ಳನ್ನು ನಾನು ಹೇಳುವುದಿಲ್ಲ. ಅವಳು ನಂಬುವುದಿಲ್ಲ ಎಂಬ ಭಯದಿಂದಲ್ಲ. ನಂಬಿದ ಹಾಗೆ ಮಾಡುತ್ತಾಳೆ, ಅದೇ ನನ್ನ ಭಯ. ಏಜೆನ್ಸಿಯವರು ತಡ ಮಾಡಿದರಂತೆ ಕಣೇ ಎಂದು ನಾನು ಹೇಳಿದರೆ, ಹೌದಾ ತಿಯಾ ಎಂದು ತಲೆಯಾಡಿಸಿ ಹೋಗಿ ಮಲಗುತ್ತಾಳೆ. ಹನ್ನೊಂದು ವರ್ಷದ ಹುಡುಗಿ ನಮ್ಮಿಬ್ಬರ ಮರ್ಯಾದೆ ಕಾಪಾಡುತ್ತ ಬೆಳೆಯುತ್ತಾಳೆ. ಎರಡು ವರ್ಷ ಬಿಟ್ಟು ನೀನು ಪೆಟ್ಟಿಗೆ ತುಂಬಾ ಚಾಕಲೇಟು ತಂದಾಗ ನಗುತ್ತ ಎದುರುಗೊಳ್ಳುತ್ತಾಳೆ, ಅಮ್ಮ ಹೇಗಿದ್ದೀಯ, ಊಟ ಆಯ್ತಾ ಎನ್ನುತ್ತಾಳೆ. ಒಂದು ಮಾತೂ ಬೈಯುವುದಿಲ್ಲ. ಅವಳು ಬೈಯದೆ ಹೋದರೆ ನೀನು ಗೆದ್ದೆ ಎಂದುಕೊಳ್ಳಬೇಡ. ಅವಳು ನಿನ್ನ ಮೇಲೆ ಸಿಟ್ಟಾಗಲಿ, ಆ ಏಜೆನ್ಸಿಯವರ ಮೇಲಲ್ಲ. ಸಿಟ್ಟು ಮಾಡಿಕೊಳ್ಳುವುದಕ್ಕಾದರೂ ಅವಳಿಗೆ ಅಮ್ಮ ಬೇಕು.

ಇವತ್ತು ಭಾನುವಾರ, ಈ ಕಾಗದ ನಿನ್ನ ಕೈಯಲ್ಲಿದೆ. ಸಂಜೆ ಎಂದಿನಂತೆ ಫೋನು ಮಾಡು. ನಾನು ಎತ್ತುವುದಿಲ್ಲ. ಫೋನನ್ನು ಲಿವೈ ಪಕ್ಕದಲ್ಲಿಟ್ಟು, ಮೀನು ತರುವ ನೆಪ ಹೇಳಿ ಹೊರಗೆ ಹೋಗಿರುತ್ತೇನೆ. ಅವಳು ಎತ್ತುತ್ತಾಳೆ. ನೆಪ ಹೇಳಬೇಡ, ಏನು ಕಳಿಸಲಿ ಎಂದು ಕೇಳಬೇಡ. ಬರಲ್ಲ ಎನ್ನು, ನಾನೇ ಸಹಿ ಹಾಕಿದೆ ಎನ್ನು, ಯಾಕೆ ಎಂದೂ ಹೇಳು. ನಿನಗೆ ಹೇಳೋಕೆ ಬರಲ್ಲ ಅಂದೆಯಲ್ಲ, ಚೆನ್ನಾಗಿ ಹೇಳಬೇಕೆಂದು ಯಾರೂ ಕೇಳುತ್ತಿಲ್ಲ. ಅವಳು ಕೂಗಾಡಿದರೆ ಕೂಗಾಡಲಿ. ಮಾತೇ ಆಡದಿದ್ದರೆ ನೀನಾಗಿ ಫೋನು ಇಡಬೇಡ, ಅವಳು ಅಲ್ಲೇ ಇರುತ್ತಾಳೆ.

ಅವಳು ಕಾಯುತ್ತಿರುವುದು ಸುದ್ದಿಗಲ್ಲ ತಂಗಿ. ಸುದ್ದಿ ಅವಳ ಬಳಿ ಸೋಮವಾರದಿಂದ ಇದೆ. ನೀನು ಅದನ್ನು ಅವಳಿಗೆ ಹೇಳುತ್ತೀಯೋ ಇಲ್ಲವೋ ಎಂದು ನೋಡಲು ಕಾಯುತ್ತಿದ್ದಾಳೆ.

ಮಾತೆ ಕ್ಯಾಂಡೆಲಾರಿಯಾ ನಿನ್ನ ನಾಲಿಗೆಗೆ ಧೈರ್ಯ ಕೊಡಲಿ, ನಿನ್ನ ಬೆನ್ನು ಗಟ್ಟಿಯಾಗಿಡಲಿ.

ಬೈಯುವುದನ್ನು ಬಿಡದ, ನಿನ್ನನ್ನೂ ಬಿಡದ ಅಕ್ಕ,
ತೆಸಿಂಗ್