ಭಾವನ ಮನೆಯ ಅರಿಶಿನ

ಶಾಲೂಕ್‌ಡಾಂಗಾ
ಮಾರ್ಗಶಿರ, ಬುಧವಾರ

ಪ್ರೀತಿಯ ಅಣ್ಣಾ,

ತುಳಸಿಗೆ ದೀಪವಿಟ್ಟು ಬಂದು ಈಗಷ್ಟೇ ಕೂತೆ. ಬೆಳಗಿನಿಂದ ಮನೆ ತುಂಬ ಜನ, ಈಗ ಯಾರೂ ಇಲ್ಲ. ನಿನ್ನ ಕೆಮ್ಮು ಹೇಗಿದೆ? ಗಣಿಯಿಂದ ಬಂದ ಮೇಲೆ ಬಿಸಿನೀರಲ್ಲೇ ಸ್ನಾನ ಮಾಡು. ಅಕ್ಕನ ಮಗು ಚೆನ್ನಾಗಿದೆ. ಒಂದೆರಡು ಹೆಜ್ಜೆ ಇಟ್ಟು ಬೀಳುತ್ತಾಳೆ, ಬಿದ್ದಾಗ ನನ್ನನ್ನೇ ಅಮ್ಮಾ ಎಂದು ಕರೆಯುತ್ತಾಳೆ. ನಾನು ತಿದ್ದಲು ಹೋಗಿಲ್ಲ.

ಭಾವನ ಜೊತೆಗಿನ ನನ್ನ ಮದುವೆಗೆ ನಿನಗೆ ರಜೆ ಸಿಗಲಿಲ್ಲವೆಂದು ಚಿಕ್ಕಮ್ಮ ಹೇಳಿದಳು. ಭಾವನ ಕಡೆಯ ಹೆಂಗಸರು ಇವತ್ತು ಅರಿಶಿನ ತಂದರು. ಅವನ ಹಣೆಗೆ ಮುಟ್ಟಿಸಿ ಉಳಿದದ್ದು, ಅಂದು ಅಕ್ಕನಿಗೆ ತಂದ ಅದೇ ಹಿತ್ತಾಳೆ ಬಟ್ಟಲಲ್ಲಿ. ಅದನ್ನು ನನಗೆ ಹಚ್ಚದೆ ಮದುವೆ ಆಗದು. ಜೊತೆಗೆ ದೊಡ್ಡ ರೋಹು ಮೀನು. ಅದಕ್ಕೆ ಮದುಮಗಳಂತೆ ಕೆಂಪು ಸೀರೆ ಸುತ್ತಿ, ಮೂಗುತಿ ಇಟ್ಟಿದ್ದರು. ಪಕ್ಕದ ಮನೆಯ ಸರಮಾ ನನ್ನ ಮುಖ ನೋಡಿ, “ಮದುಮಗಳು ಯಾರೇ? ಮೀನೇ ಹೆಚ್ಚು ನಗ್ತಾ ಇದೆಯಲ್ಲ” ಎಂದಳು. ಎಲ್ಲರೂ ನಕ್ಕರು. ನಾನೂ ನಕ್ಕೆ, ಅಣ್ಣಾ.

ಚಿಕ್ಕಮ್ಮನದು ಒಂದೇ ಮಾತು. “ನಿಂಗೇನು ಹೊಸ ಮನೆ ಅಲ್ಲ ಕಣೇ, ಮಗೂಗೆ ತಾಯಿ ಬೇಕು. ನೀನು ಒಲ್ಲೆ ಅಂದ್ರೆ ಅವರ ಮಗೂನ ಅವರು ತಗೊಂಡು ಹೋಗ್ತಾರೆ.” ಅದು ನನಗೂ ಗೊತ್ತು. ಆದರೆ ಹೋದ ವರ್ಷ ಅಕ್ಕನಿಗೆ ಬಾಣಂತಿ ಜ್ವರ ಏರಿ ಆಸ್ಪತ್ರೆಗೆ ಒಯ್ಯಬೇಕಾದಾಗ ಭಾವ, “ಸೆಣಬು ಇಳಿಸಿ ಬರಲಿ, ಆಮೇಲೆ ದೋಣಿ ಕೊಡ್ತೀನಿ” ಎಂದದ್ದು ಇನ್ನೂ ನನ್ನ ಕಿವಿಯಲ್ಲಿದೆ. ದೋಣಿ ಸಂಜೆಗೆ ಬಂತು. ಅಷ್ಟರಲ್ಲಿ ಅಕ್ಕ ಬಾಗಿಲ ಕಡೆ ಮುಖ ಮಾಡಿಕೊಂಡೇ ಹೋಗಿಬಿಟ್ಟಿದ್ದಳು. ಆ ಮನೆಯ ದಿಂಬಿಗೆ ತಲೆ ಕೊಡಲು ನನ್ನಿಂದ ಆಗುವುದಿಲ್ಲ.

ಹೊತ್ತಿಗೆ ಸರಿಯಾಗಿ ಊಟ ಮಾಡು. ನಿನ್ನ ಕಾಲಿಗೆ ನಮಸ್ಕಾರ.

ನಿನ್ನ ತಂಗಿ,
ನಿಭಾ

ಇದನ್ನು ಮೇಲೆ ಬರೆಯಲು ಕೈ ಬರಲಿಲ್ಲ. ನನಗೆ ಅರಿಶಿನ ಹಚ್ಚುವ ಗಳಿಗೆ ಮಧ್ಯಾಹ್ನದ ಊಟವಾದ ಮೇಲೆ ಇತ್ತು. ಚಿಕ್ಕಮ್ಮನಿಗೆ ಸೊಂಟನೋವು, ಮೀನಿನ ಅಡುಗೆಗೆ ನಾನೇ ಕೂತೆ. ಬಟ್ಟಲಿನ ಅರಿಶಿನವನ್ನೆಲ್ಲ ಸಾರಿಗೆ ಹಾಕಿದೆ. “ಬಣ್ಣ ಚೆನ್ನಾಗಿ ಬಂದಿದೆ” ಎಂದು ಉಂಡರು. ಆಮೇಲೆ ಹೇಳಿದೆ. ಭಾವನ ಕಡೆಯವರು ಕೈ ಕೂಡ ತೊಳೆಯದೆ ಎದ್ದುಹೋದರು. ಇನ್ನೊಮ್ಮೆ ಅರಿಶಿನ ಕಳಿಸುವುದಿಲ್ಲವಂತೆ. ಮಗುವಿನ ಬಟ್ಟೆ ಒಗೆದು ಒಣಗಿಸಿ ಮಡಿಸಿಟ್ಟಿದ್ದೇನೆ. ನಾಳೆ ಮೊದಲ ದೋಣಿಗೆ ಅವಳನ್ನು ಕರೆದುಕೊಂಡು ಹೋಗಲು ಬರುತ್ತಾರೆ.