ಭಾವನ ಗಡ್ಡ

ತಾ. ೪
ಅಂಗಡಿ ತೆಗ್ದೆ. ಇಬ್ಬರಿಗೆ ಕಟಿಂಗ್. ಎಲ್ಲರ ಬಾಯಲ್ಲೂ ಭಾವನ ಮಾತೇ. ಹೆಂಡ್ತಿ ಅಣ್ಣ — ಊರಿಗೆಲ್ಲ ಗುರುಗಳು, ನನಗೆ ಭಾವ. ದೇವರ ಮುಂದೆ ಎಲ್ಲರೂ ಒಂದೇ, ಯಾರೂ ಯಾರಿಗೂ ಎದ್ದು ನಿಲ್ಬೇಡಿ ಅಂದ್ರು. ಅಷ್ಟಕ್ಕೇ ಸರ್ಕಾರದ ಕುರ್ಚಿಗೆ ಬೆಂಕಿ ಬಿತ್ತು. ಪ್ರಾರ್ಥನೆ ಮನೆಗೆ ಬೀಗ. ಈಗ ವಾರಂಟು. ಸಿಕ್ರೆ ಜೀವಂತ ಬಿಡಲ್ಲ. ಗೋಡೆ ಗೋಡೆಗೂ ಫೋಟೋ, ಎದೆವರೆಗೆ ಗಡ್ಡ.

ತಾ. ೫, ಬೆಳಿಗ್ಗೆ
ಹಿಂದಿನ ಬಾಗ್ಲಿಂದ ಭಾವ ಬಂದ್ರು. ಗಡಿ ದಾಟಬೇಕಂತೆ. "ತೆಗೆದುಬಿಡಪ್ಪ." ಇಪ್ಪತ್ತು ವರ್ಷದ ಗಡ್ಡ… ಕತ್ತರಿ ಎತ್ಕೊಂಡೆ.
"ಭಾವ, ನಿಮ್ಮ ಮತದಲ್ಲಿ ನನ್ನ ಗತಿ ಏನು? ಕಂಡಕಂಡೋರ ಮುಂದೆ ದಿನಾ ನಿಂತೇ ಇರ್ತೀನಲ್ಲ!"
"ನೀನು ನಿಂತಿದ್ದೀಯ ಅಂತಾನೇ ನಾನು ಕೂತಿದ್ದೀನಿ ಕಣೋ."
ತೊಳೆದು ನೋಡ್ತೀನಿ — ಅಯ್ಯೋ! ಹಣೆ, ಮೂಗು ಬಿಸಿಲಿಗೆ ಕಪ್ಪು. ಗಲ್ಲ ಸುಣ್ಣ ಬಳಿದಂಗೆ ಬಿಳಿ. ಇಷ್ಟು ವರ್ಷ ಕತ್ತಿ ಹಿಡ್ದೋನಿಗೆ ಮೊದಲೇ ಹೊಳೀಲಿಲ್ಲ.
ಹೆಂಡ್ತಿ: "ಬಾಯಿ ಒಂದೇ ಚುರುಕು ನಿಮಗೆ. ಈ ಮುಖ ಪೊಲೀಸ್ ನಾಯಿಗೂ ಗೊತ್ತಾಗುತ್ತೆ."
ಒಂದು ಮುಖ ಹಿಂಗಿದ್ರೆ ಗೊತ್ತಾಗುತ್ತೆ. ಎಲ್ಲರದ್ದೂ ಹಿಂಗೇ ಇದ್ರೆ?

ತಾ. ೭
ಊಟಕ್ಕೂ ಪುರುಸೊತ್ತಿಲ್ಲ. ಭಾವನ ಮತದ ಗಂಡಸರೆಲ್ಲ ಅವರ ಹಾಗೇ ಗಡ್ಡ ಬಿಟ್ಟೋರು. ಒಬ್ಬೊಬ್ಬರೇ ಬಂದು ಗಲ್ಲ ಒಡ್ಡಿದ್ರು. ಬಡಗಿ ಅತ್ತೇಬಿಟ್ಟ. "ಅಳಬೇಡಪ್ಪ, ಸೋಪಿಗೆ ನೀರಿದೆ" ಅಂದೆ. ಅರವತ್ತೆರಡು ಮುಖ. ಒಂದು ಗೀರಿಲ್ಲ!

ತಾ. ೮
ಬಸ್ ಸ್ಟ್ಯಾಂಡ್ ತುಂಬ ಎರಡು ಬಣ್ಣದ ಮುಖಗಳು. ಪೊಲೀಸರು ಫೋಟೋ ಹಿಡಿದು ಹಿಡಿದು ಸುಸ್ತು. ಬಡಗಿನ ಹಿಡಿದ್ರು, ಸಂಜೆ ಬಿಟ್ರು. ಭಾವ ಎರಡನೇ ಬಸ್ಸು, ಕಿಟಕಿ ಸೀಟು. ತಿರುಗಿ ನೋಡಲಿಲ್ಲ. ನೋಡಬೇಡಿ ಅಂತ ನಾನೇ ಹೇಳಿದ್ದೆ…

ತಾ. ೧೫
ದಾಟಿದ್ರಂತೆ! ಲಾರಿ ಡ್ರೈವರ್ ಬಂದು ಹೇಳ್ದ. ಅಲ್ಲಿ ಯಾವುದೋ ಗೋಡೌನಲ್ಲಿ ಪ್ರಾರ್ಥನೆನೂ ಶುರುವಂತೆ. ಹೆಂಡ್ತಿ ಅತ್ಲು, ನಕ್ಲು, ಕೇಳದೇನೇ ಎರಡು ಸಲ ಬಡಿಸಿದ್ಲು.

ತಾ. ೧೬
ಇನ್‌ಸ್ಪೆಕ್ಟರ್ ಬಂದ. ಅಷ್ಟು ಜನರದ್ದು ಯಾರು ಬೋಳಿಸಿದ್ದು ಅಂದ. ಗೊತ್ತಿಲ್ಲ ಅಂದು ಸುಮ್ಮನಾಗಬಹುದಿತ್ತು. "ಯಾವನೋ ಬೀದಿಬದಿಯೋನು ಕೆರೆದಿರ್ತಾನೆ ಬಿಡು" ಅಂದ ಅವನೇ.
ಕೆರೆಯೋದಾ?
"ಸಾರ್, ಅರವತ್ತೆರಡರಲ್ಲಿ ಒಂದು ಗೀರು ತೋರ್ಸಿ. ಅದು ಈ ಕೈ."
ಹೆಂಡ್ತಿ ಹಣೆ ಚಚ್ಚಿಕೊಂಡ್ಲು. ನಾಳೆ ಜೀಪ್ ಕಳಿಸ್ತಾನಂತೆ. ಓಡಿಹೋಗು ಅಂತಾರೆ ಎಲ್ಲರೂ. ಯಾಕೆ ಓಡ್ಲಿ? ಭಾವ ಹೋದ್ರಲ್ಲ, ಸಾಕು.

ತಾ. ೧೭
ಹೆಂಡ್ತಿ ಎರಡು ಅಂಗಿ, ಟವೆಲ್ಲು ಕಟ್ಟಿಕೊಟ್ಲು. "ಜೈಲಲ್ಲಾದ್ರೂ ಬಾಯಿ ಮುಚ್ಚಿಕೊಂಡಿರಿ" ಅಂದ್ಲು. ಕೈ ಮಾತ್ರ ಬಿಡ್ಲಿಲ್ಲ.
ಜೀಪ್ ನಿಲ್ತು. ಪೇದೆ ಇಳೀತಿದ್ದಾನೆ. ಅವನ ಗಲ್ಲ ನೋಡಿದ್ರೆ… ಥೂ, ಕಿವಿ ಕೆಳಗೆಲ್ಲ ಕೂದಲು ಹಂಗೇ ಬಿಟ್ಟಿದ್ದಾರೆ! ಐದೇ ನಿಮಿಷ ಕೂತ್ಕೊಳಪ್ಪ ಅಂತ ಕೇಳೇಬಿಡ್ತೀನಿ, ಬಿಸಿನೀರು ಹೇಗೂ —