ಮಾಳವ್ವ ಕುಡಿದ ನೀರಿನಲ್ಲಿ ಏನಿತ್ತು?

ಅಣುವಿದ್ಯುತ್ ಸ್ಥಾವರಕ್ಕೆ ಜಾಗ ಆರಿಸುವ ಸಮಿತಿಯ ಮಾನ್ಯ ಮುಖ್ಯಸ್ಥರೇ,

ನಮ್ಮೂರಿನ ಕುರಿ-ದನ ಮೇಯುವ ಗಾಯರಾಣದಲ್ಲಿ ನಿಮ್ಮವರು ಒಂದು ಕೊಳವೆಬಾವಿ ಕೊರೆದರು. ಅದರ ನೀರನ್ನು ಒಬ್ಬ ಬಸುರಿ ಕುಡಿದಳು. ಆ ನೀರಿನಲ್ಲಿ ಏನಿದೆ ಎಂದು ಆಕೆ ತುಂಬಿದ ಸಭೆಯಲ್ಲಿ ನಿಮ್ಮನ್ನೇ ಕೇಳಿದಳು. ನೀವು ಹೇಳಲಿಲ್ಲ. ಹೆದರಿದ ಆಕೆ, ವರ್ಷಾನುಗಟ್ಟಲೆ ಹಂಬಲಿಸಿ ಪಡೆದ ಬಸಿರನ್ನು ತಾನೇ ತೆಗೆಸಿಕೊಂಡಳು. ನಿಮ್ಮ ಸ್ಥಾವರದ ಒಂದು ಇಟ್ಟಿಗೆಯೂ ಇನ್ನೂ ನಮ್ಮ ಜಿಲ್ಲೆಯಲ್ಲಿ ಬಿದ್ದಿಲ್ಲ, ಅದಕ್ಕೆ ಒಂದು ಕೂಸು ಆಗಲೇ ಬಲಿಯಾಗಿದೆ. ಇದೇ ನನ್ನ ದೂರು.

ನಾನು ಯಲಬುರ್ಗಾ ಸೀಮೆಯ ಒಂದು ಸರಕಾರಿ ಪದವಿಪೂರ್ವ ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳುವವಳು. ಆದ್ದರಿಂದ ನನ್ನನ್ನು 'ವಿಜ್ಞಾನ ವಿರೋಧಿ' ಎಂದು ಬದಿಗೆ ಸರಿಸುವ ಸುಖ ನಿಮಗೆ ಸಿಗುವುದಿಲ್ಲ. ಯುರೇನಿಯಂ ಪರಮಾಣು ಒಡೆದು ಇಬ್ಭಾಗವಾಗುವುದನ್ನು ಪ್ರತಿವರ್ಷ ಕಪ್ಪುಹಲಗೆಯ ಮೇಲೆ ಬರೆಯುತ್ತೇನೆ. ಬರೆಯುವಾಗ ಇಂದಿಗೂ ನನ್ನ ಮೈ ಜುಂ ಎನ್ನುತ್ತದೆ. ಮನುಷ್ಯ ಕಂಡುಕೊಂಡ ಅದ್ಭುತಗಳಲ್ಲಿ ಅದೂ ಒಂದು. ಆದರೆ ನಮ್ಮ ದೇಶದಲ್ಲಿ ಆ ಅದ್ಭುತ ಹುಟ್ಟಿದ್ದೇ ಮುಸುಕಿನೊಳಗೆ. ಸಾವಿರದ ಒಂಬೈನೂರ ಅರವತ್ತೆರಡರ ಅಣುಶಕ್ತಿ ಕಾಯ್ದೆಯಲ್ಲೇ ಗುಟ್ಟು ಕಾಯುವ ಅಧಿಕಾರವನ್ನು ಬರೆದಿಟ್ಟರು. ಎಪ್ಪತ್ನಾಲ್ಕರಲ್ಲಿ ಪೋಖ್ರಾನಿನ ಮರಳಿನಡಿ ಸ್ಫೋಟ ನಡೆಸಿ, ಅದಕ್ಕೆ 'ಶಾಂತಿಯುತ' ಎಂಬ ಹೆಸರಿಟ್ಟರು. ಅದಕ್ಕೆ ಬೇಕಾದ ಪ್ಲುಟೋನಿಯಂ ಬಂದದ್ದು ಶಾಂತಿಯ ಕೆಲಸಕ್ಕೆಂದು ಹೊರದೇಶದ ನೆರವಿನಿಂದ ಕಟ್ಟಿಕೊಂಡ ಸಂಶೋಧನಾ ರಿಯಾಕ್ಟರಿನಿಂದ. ಅಂದರೆ ದೀಪದ ಮನೆಗೂ ಬಾಂಬಿನ ಮನೆಗೂ ನಡುವೆ ಗೋಡೆ ಇತ್ತೇ ಹೊರತು, ಆ ಗೋಡೆಗೆ ಬಾಗಿಲೂ ಇತ್ತು.

ನಮ್ಮ ಕರ್ನಾಟಕದ ಚರಿತ್ರೆಯನ್ನೇ ನೋಡೋಣ. ಕೈಗಾದಲ್ಲಿ ಕಾಡು ಕಡಿದು ಸ್ಥಾವರ ಕಟ್ಟುವಾಗಲೇ, ತೊಂಬತ್ನಾಲ್ಕರಲ್ಲಿ, ಅದರ ಗುಮ್ಮಟದ ಭಾಗ ಕಳಚಿ ಬಿತ್ತು. ಆಮೇಲೆ ಅದು ವಿದ್ಯುತ್ತನ್ನೂ ಕೊಟ್ಟಿತು, ಇಲ್ಲವೆನ್ನುವುದಿಲ್ಲ. ಎರಡು ಸಾವಿರದ ಒಂಬತ್ತರಲ್ಲಿ ಅಲ್ಲಿಯ ಕುಡಿಯುವ ನೀರಿನ ಯಂತ್ರದಲ್ಲಿ ವಿಕಿರಣ ಸೂಸುವ ಟ್ರಿಟಿಯಂ ಸೇರಿ, ನೌಕರರ ಮೂತ್ರದಲ್ಲಿ ಕಾಣಿಸಿಕೊಂಡಾಗ ಇಡೀ ದೇಶ ಸುದ್ದಿ ಓದಿತು. ಮೈಸೂರಿನ ಪಕ್ಕದ ರಟ್ಟೆಹಳ್ಳಿಯಲ್ಲಿ 'ಅಪರೂಪದ ವಸ್ತು'ಗಳ ಘಟಕ ಬಂತು. ಆ ವಸ್ತು ಏನು, ಅದು ಯಾತಕ್ಕೆ ಎಂದು ಪಕ್ಕದ ಊರಿನವರಿಗಿಂತ ವಿದೇಶದ ಪಂಡಿತರಿಗೇ ಹೆಚ್ಚು ಗೊತ್ತು. ಶಹಾಪುರ ಸೀಮೆಯ ಗೋಗಿಯಲ್ಲಿ ಯುರೇನಿಯಂ ಹುಡುಕಿ ನೆಲ ಕೊರೆದರು. ಚಳ್ಳಕೆರೆಯಲ್ಲಿ ಕುರಿ-ದನ ಮೇಯುತ್ತಿದ್ದ ಕಾವಲುಗಳ ಸುತ್ತ ಗೋಡೆ ಎದ್ದಿತು. ಒಳಗೆ ಅಣುಶಕ್ತಿಯವರೂ ಬಂದರು, ರಕ್ಷಣೆಯವರೂ ಬಂದರು, ಕುರಿಗಳು ಹೊರಗುಳಿದವು. ಈಗ ಕೊಪ್ಪಳ ಜಿಲ್ಲೆಯಲ್ಲಿ ಜಾಗ ನೋಡುತ್ತಿದ್ದಾರೆಂದು ಪತ್ರಿಕೆಗಳಲ್ಲಿ ಬರುತ್ತಿದೆ. ಬಾಂಬಿಗೆ ಗುಟ್ಟು ಬೇಕು, ಒಪ್ಪಿದೆ. ಬೋರಿಂಗ್ ನೀರಿಗೂ ಗುಟ್ಟು ಬೇಕೆ, ಸ್ವಾಮಿ?

ಆ ಬೋರಿಂಗಿನ ಕಥೆಗೇ ಬರುತ್ತೇನೆ. ಮಾಳವ್ವನ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. "ಬರೀರಿ ಅಕ್ಕಾರ, ಆದ್ರ ಊರ ಹೆಸರು ಮಾತ್ರ ಬ್ಯಾಡ. ಹೆಣ್ಣು ಕೊಡೋರು, ತರೋರು ಅದಾರ" ಎಂದಳು. ನಮ್ಮ ಕಡೆ ಕಲಿಸುವ ಹೆಂಗಸರಿಗೆಲ್ಲ ಅಕ್ಕಾರ ಎನ್ನುತ್ತಾರೆ. ಮಾಳವ್ವ ಮತ್ತು ಆಕೆಯ ಗಂಡ ಹುಲಿಗೆಪ್ಪ ಕುರಿ ಕಾಯುವವರು. ಊರಿನ ಕೊನೆಯ ಮನೆ ಅವರದು, ಅದರಾಚೆ ಗಾಯರಾಣ. ಮದುವೆಯಾಗಿ ಬಹಳ ವರ್ಷ ಅವರಿಗೆ ಮಕ್ಕಳಾಗಲಿಲ್ಲ. ಹುಲಿಗೆಪ್ಪನಿಗೆ ಇನ್ನೊಂದು ಮದುವೆ ಮಾಡಲು ಅವನ ಕಡೆಯವರು ಹೆಣ್ಣನ್ನೂ ನೋಡಿದ್ದರು. "ನನಗ ಇಕಿ ಸಾಕು" ಎಂದು ಅವನು ಕುರಿ ಹೊಡೆದುಕೊಂಡು ಹೋಗಿಬಿಟ್ಟನಂತೆ.

ಹೋದ ವರ್ಷ ನಿಮ್ಮವರು ಗಾಯರಾಣಕ್ಕೆ ಬಂದರು. ಏನು ಮಾಡುತ್ತಿದ್ದೀರಿ ಎಂದು ಹುಲಿಗೆಪ್ಪ ಕೇಳಿದ್ದಕ್ಕೆ, "ಏನಿಲ್ಲ, ಸೋಲಾರ್" ಎಂದರು. ನಮ್ಮ ಸುತ್ತ ಸೋಲಾರ್ ಹಲಗೆಗಳು, ಗಾಳಿ ಫ್ಯಾನುಗಳು ಬೇಕಾದಷ್ಟು ಇವೆ. ಅವನು ನಂಬಿದ. ಕೆಳಗಿನ ಬಂಡೆ ಎಷ್ಟು ಗಟ್ಟಿ ಎಂದು ನೋಡಲು ಅವರು ಹಲವು ಕಡೆ ಕೊರೆದರು. ಒಂದು ಕಡೆ ನೀರು ಚಿಮ್ಮಿತು. ಕೊರೆಯಲು ಬಂದಿದ್ದವರು ಒಳ್ಳೆಯ ಮನಸ್ಸಿನಿಂದಲೇ ಅದಕ್ಕೊಂದು ಕೈಪಂಪು ಕೂಡಿಸಿಕೊಟ್ಟರು. ನಮ್ಮೂರಿನ ಹಳೆಯ ನೀರು ಫ್ಲೋರೈಡ್ ನೀರು. ಮಕ್ಕಳ ಹಲ್ಲು ಕಂದು, ಮುದುಕರ ಮೊಣಕಾಲು ಮಡಚುವುದಿಲ್ಲ. ಈ ನೀರು ಸಿಹಿ. "ಬ್ಯಾಳಿ ಹೆಂಗ ಬೇಯತೈತಿ ನೋಡ್ರಿ ಅಕ್ಕಾರ, ಬೆಣ್ಣಿ ಆದಂಗ ಆಗತೈತಿ!" ಎಂದು ಮಾಳವ್ವ ನನಗೂ ಒಂದು ಕೊಡ ತಂದುಕೊಟ್ಟಿದ್ದಳು. ಆ ದಿನಗಳಲ್ಲೇ ಆಕೆ ಬಸುರಾದಳು. ನೀರಿನ ಗುಣವೇ ಇದು ಎಂದು ಓಣಿಯ ಹೆಂಗಸರು ತಮಾಷೆ ಮಾಡಿದರು. ಆಕೆ ನಾಚಿಕೊಂಡು ನಕ್ಕಳು. ಆಕೆ ಹಾಗೆ ನಕ್ಕದ್ದನ್ನು ನಾನು ಅದೇ ಮೊದಲು ನೋಡಿದ್ದು.

ಮಾಳವ್ವನಿಗೆ ನಾಲ್ಕು ತಿಂಗಳು ತುಂಬುವ ಹೊತ್ತಿಗೆ ಒಂದು ಜೀಪು ಬಂತು. ಇಳಿದವರು ಯಾರೊಡನೆಯೂ ಮಾತಾಡಲಿಲ್ಲ. ಪಂಪು ಕಿತ್ತರು, ಕೊಳವೆಯ ಬಾಯಿಗೆ ಕಬ್ಬಿಣದ ಮುಚ್ಚಳ ಬೆಸೆದರು, ಪಕ್ಕದಲ್ಲಿ 'ಅಪಾಯ, ಪ್ರವೇಶ ನಿಷಿದ್ಧ' ಎಂಬ ಹಲಗೆ ನೆಟ್ಟರು, ಹೋದರು. ಅದೇ ವಾರ ಪತ್ರಿಕೆಯಲ್ಲಿ ಬಂತು, ನಮ್ಮ ಸೀಮೆಯಲ್ಲಿ ಅಣುಸ್ಥಾವರಕ್ಕೆ ಜಾಗ ನೋಡುತ್ತಿದ್ದಾರೆ ಎಂದು. ಮರುದಿನದಿಂದ ಎಲ್ಲರ ಮೊಬೈಲಿನಲ್ಲಿ ಒಂದು ವಿಡಿಯೋ. ಯಾವುದೋ ದೇಶದ, ಯಾವುದೋ ಕಾಲದ, ಕೈಕಾಲು ಸೊಟ್ಟಗಿದ್ದ ಕೂಸುಗಳ ಚಿತ್ರಗಳು. ಈಗ ನೀವೇ ಹೇಳಿ. ಜನ ಕುಡಿಯುತ್ತಿದ್ದ ನೀರನ್ನು ಒಂದು ಮಾತೂ ಹೇಳದೆ ಮುಚ್ಚಿ, 'ಅಪಾಯ' ಎಂದು ಬರೆದು, ಅಣುವಿನ ಸುದ್ದಿ ಹೊರಬಿಟ್ಟರೆ, ಅದನ್ನು ಕುಡಿದ ಬಸುರಿ ಏನೆಂದು ತಿಳಿಯಬೇಕು?

ಆಕೆ ನನ್ನ ಮನೆಗೆ ಓಡಿಬಂದಳು. "ಅಕ್ಕಾರ, ಆ ನೀರಾಗ ಏನಿತ್ರಿ?"

ನಾನು ತಿಳಿಹೇಳಿದೆ. ಸ್ಥಾವರವೇ ಬಂದಿಲ್ಲ, ಇಂಧನವೂ ಬಂದಿಲ್ಲ, ಬರೀ ಕಲ್ಲು ಕೊರೆದಿದ್ದಾರೆ, ಭಯ ಬೇಡ ಎಂದೆ.

"ಹಂಗಾದ್ರ ಏನೂ ಇರಲಿಲ್ಲ ಅಂತ ಬಿಚ್ಚಿ ಹೇಳ್ರಿ."

ಮಾನ್ಯರೇ, ನಮ್ಮದು ಗ್ರಾನೈಟ್ ನೆಲ. ಗ್ರಾನೈಟಿನಲ್ಲಿ ಸ್ವಾಭಾವಿಕವಾಗಿಯೇ ಒಂದಿಷ್ಟು ಯುರೇನಿಯಂ ಇರುತ್ತದೆ, ಆಳದ ನೀರಿಗೆ ಅದು ಚೂರುಪಾರು ಇಳಿಯಲೂಬಹುದು. ಪರೀಕ್ಷಿಸದೆ 'ಏನೂ ಇಲ್ಲ' ಎನ್ನಲು ನನಗೆ ಬರುವುದಿಲ್ಲ. ಪರೀಕ್ಷೆ ಮಾಡಬಲ್ಲವರು ನೀವು. ಆದ್ದರಿಂದ, "ಕೊರೆದವರನ್ನೇ ಕೇಳೋಣ, ಒಂದು ಮಾತು ಹೇಳ್ತಾರ" ಎಂದೆ. ಹೇಳುತ್ತೀರಿ ಎಂದೇ ನಾನು ನಂಬಿದ್ದೆ.

ಹುಲಿಗೆಪ್ಪ, ಆಶಾ ಕಾರ್ಯಕರ್ತೆ ನೂರಜಾನಬಿ ಮತ್ತು ನಾನು ಕೊಪ್ಪಳಕ್ಕೆ ಹೋದೆವು. ಒಂದು ಕಚೇರಿಯಲ್ಲಿ ಇದು ಕೇಂದ್ರದ್ದು ಎಂದರು. ಇನ್ನೊಂದರಲ್ಲಿ ಇದು ಗೌಪ್ಯ ಎಂದರು. ಮಾಳವ್ವನ ಮನೆಯ ಕೊಡದಲ್ಲಿ ಉಳಿದಿದ್ದ ಆ ನೀರನ್ನು ಬಾಟಲಿಯಲ್ಲಿ ತುಂಬಿ ನೀರು ಪರೀಕ್ಷಿಸುವಲ್ಲಿಗೆ ಒಯ್ದರೆ, ಫ್ಲೋರೈಡ್ ಬೇಕಾದರೆ ನೋಡುತ್ತೇವೆ, ನೀವು ಕೇಳುವುದನ್ನು ನೋಡುವ ಯಂತ್ರ ನಮ್ಮಲ್ಲಿಲ್ಲ ಎಂದರು. ನೂರಜಾನಬಿ ರೇಗಿದಳು. "ಇವರದು ಒಂದೇ ಜವಾಬು ನೋಡ್ರಿ ಅಕ್ಕಾರ. ನಮ್ದಲ್ಲ, ನಮ್ದಲ್ಲ. ಹಂಗಾದ್ರ ಯಾರ್ದು?"

ಕೊನೆಗೆ ಕೊಪ್ಪಳದಲ್ಲಿ ನಡೆಯುವ ನಿಮ್ಮ ಅಣುಶಕ್ತಿ ಜಾಗೃತಿ ಸಭೆಯ ಸುದ್ದಿ ಬಂತು. ನಿಮಗೆ ನೆನಪಿದೆಯೋ ಇಲ್ಲವೋ. ವೇದಿಕೆಯ ನಡುವಿನ ಕುರ್ಚಿಯಲ್ಲಿ ನೀವಿದ್ದಿರಿ. ಪರದೆಯ ಮೇಲೆ ಚಿತ್ರ ತೋರಿಸಿದಿರಿ, ಬಾಳೆಹಣ್ಣಿನಲ್ಲೂ ವಿಕಿರಣವಿದೆ, ನಾವು ದಿನಾ ತಿನ್ನುವುದಿಲ್ಲವೇ ಎಂದಿರಿ. ಮುಂದಿನ ಸಾಲಿನವರು ನಕ್ಕರು. ಆಗ ಹಿಂದಿನಿಂದ ಹಸಿರು ಸೀರೆಯ ಹೆಂಗಸೊಬ್ಬಳು ಎದ್ದು ನಿಂತಳು. ಆಕೆಯೇ ಮಾಳವ್ವ. ಹುಟ್ಟಿದ ಮೇಲೆ ಮೊದಲ ಸಲ ಮೈಕು ಹಿಡಿದಿದ್ದಳು.

"ಸಾಹೇಬ್ರ, ನಮ್ಮೂರ ಗಾಯರಾಣದಾಗ ನೀವು ಹಾಕಿಸಿದ ಬೋರಿಂಗ್ ನೀರು ಕುಡಿದೀನ್ರಿ. ಹೊಟ್ಟ್ಯಾಗ ಕೂಸೈತಿ. ಯಾಕ ಮುಚ್ಚೀರಿ ಅದನ್ನ? ನನ್ನ ಕೂಸಿಗೆ ಏನೂ ಆಗಂಗಿಲ್ಲಲ್ರಿ?"

ನೀವು ಪಕ್ಕದವರ ಕಿವಿಯಲ್ಲಿ ಏನೋ ಕೇಳಿದಿರಿ. ಅವರೂ ನಿಮ್ಮ ಕಿವಿಯಲ್ಲಿ ಏನೋ ಹೇಳಿದರು. ಆಮೇಲೆ ನೀವು, "ಸ್ಥಳಕ್ಕೆ ಸಂಬಂಧಿಸಿದ ಮಾಹಿತಿ ಗೌಪ್ಯವಾದದ್ದು, ಇಲ್ಲಿ ಚರ್ಚಿಸಲಾಗದು. ಮುಂದಿನ ಪ್ರಶ್ನೆ" ಎಂದಿರಿ. ಆಕೆ ಕೂರಲಿಲ್ಲ. ಉತ್ತರ ಇನ್ನೂ ಬರುತ್ತದೆಂದು ನಿಂತೇ ಇದ್ದಳು. ಯಾರೋ ಬಂದು ಕೈಯಿಂದ ಮೈಕು ಕಸಿದುಕೊಂಡರು.

ಊರಿಗೆ ಬಂದ ಮೇಲೆ ನೂರಜಾನಬಿ ಬಸುರಿಗೆಂದು ಬಾಳೆಹಣ್ಣು ತಂದುಕೊಟ್ಟಳು. ಮಾಳವ್ವ ಅವನ್ನು ದೂರ ಸರಿಸಿ, "ಇದರಾಗೂ ಐತಿ ಅಂದ್ರಲ್ರಿ ಸಾಹೇಬ್ರು" ಎಂದಳು. ನಿಮ್ಮ ಜಾಗೃತಿಯ ಫಲ ಅದು. ನಾನು ಮತ್ತೆ ಮತ್ತೆ ಹೋಗಿ ಹೇಳಿದೆ. ಕೇಳಿಸಿಕೊಳ್ಳುತ್ತಿದ್ದಳು. ಆದರೆ, "ನಿಮಗೇನು ಗೊತ್ತಾಗತೈತ್ರಿ ಅಕ್ಕಾರ, ನಿಮಗೂ ಹೇಳಿಲ್ಲಲ್ಲ ಅವರು" ಎನ್ನುತ್ತಿದ್ದಳು.

ಶ್ರೀರಾಮನಗರದ ಹತ್ತಿರ ಭತ್ತದ ಗದ್ದೆಯ ಕೂಲಿಗೆ ಹೋಗಿ ನೆಲೆಸಿದ್ದ ತವರಿನವರ ಬಳಿ ಹೋಗಿಬರುತ್ತೇನೆಂದು ಆಕೆ ಬಸ್ಸು ಹತ್ತಿದಳು. ಮೊದಲು ಇಳಿದದ್ದು ಅದರ ಸಮೀಪದ ಗಂಗಾವತಿಯಲ್ಲಿ. ಡಾಕ್ಟರಲ್ಲದ ಯಾರೋ ಒಬ್ಬನಿಂದ ಗುಳಿಗೆ ಪಡೆದು ನುಂಗಿದಳು. ತವರು ಮುಟ್ಟಿದ ಮೇಲೆ ನಿಲ್ಲದ ರಕ್ತ. ತವರಿನವರು ದೊಡ್ಡಾಸ್ಪತ್ರೆಗೆ ಹೊತ್ತು ತಂದಾಗ ಆಕೆಗೆ ಎಚ್ಚರವಿರಲಿಲ್ಲ. ಜೀವ ಉಳಿಸಲು ಗರ್ಭಕೋಶವನ್ನೇ ತೆಗೆಯಬೇಕಾಯಿತು. ನಾನೂ ಹುಲಿಗೆಪ್ಪನೂ ಹೋದಾಗ ಡಾಕ್ಟರಮ್ಮ ಹೊರಗೆ ಬಂದರು. ಅವನು ಹೆಂಡತಿ ಹೇಗಿದ್ದಾಳೆಂದು ಕೇಳಿದ. ಉಳಿದಿದ್ದಾಳೆ ಎಂದರು. ಆಮೇಲೆ ಅವನು, "ಕೂಸು ಹೆಂಗಿತ್ರಿ?" ಎಂದ.

ಡಾಕ್ಟರಮ್ಮ ನನ್ನ ಮುಖ ನೋಡಿದರು. "ಎಲ್ಲಾ ಸರಿ ಇತ್ತಪ್ಪ. ನೋಡಾಕ ಯಾವ ಊನಾನೂ ಇರಲಿಲ್ಲ."

ಹುಲಿಗೆಪ್ಪ ಅಲ್ಲೇ ಗೋಡೆಗೆ ಒರಗಿ ಕುಸಿದ. ರುಮಾಲು ಬಿಚ್ಚಿ ಬಾಯಿಗೆ ತುರುಕಿಕೊಂಡ, ಒಳಗಿರುವ ಹೆಂಡತಿಗೆ ದನಿ ಕೇಳಬಾರದೆಂದು.

ಇದಾದ ಕೆಲವು ವಾರಗಳಿಗೆ ನಿಮ್ಮ ಕಡೆಯವರೊಬ್ಬರು ಸಿಕ್ಕರು. ಬಾವಿ ಮುಚ್ಚಿದ್ದು ಯಾಕೆ ಎಂದು ಕೇಳಿದೆ. ಚಹಾ ಕುಡಿಯುತ್ತಾ ಹೇಳಿದರು. ನೆಲದಡಿಯ ನೀರಿನ ಮಟ್ಟ ಅಳೆಯಬೇಕಿತ್ತಂತೆ. ಜನ ಸೇದುತ್ತಿದ್ದರೆ ಅಳತೆ ತಪ್ಪುತ್ತದಂತೆ. 'ಅಪಾಯ' ಎಂಬ ಹಲಗೆ? ಗೋದಾಮಿನಲ್ಲಿ ಇದ್ದದ್ದೇ ಅದೊಂದಂತೆ. ಇದಿಷ್ಟೇ ನಿಮ್ಮ ಗುಟ್ಟು! ಇದು ತಿಳಿದಿದ್ದರೆ ಶತ್ರುದೇಶಕ್ಕೆ ಯಾವ ಲಾಭವಾಗುತ್ತಿತ್ತು? ಆ ಸಭೆಯಲ್ಲಿ ಇದನ್ನು ಹೇಳಲು ನಿಮಗೆ ಉಸಿರು ಎಷ್ಟು ಬೇಕಿತ್ತು? ನಿಮ್ಮ ಕಚೇರಿಯವರು ಪತ್ರಕರ್ತರೆದುರು ಈ ಘಟನೆಯನ್ನು 'ಅನಕ್ಷರಸ್ಥರ ಮೂಢಭಯ' ಎಂದು ಕರೆದರಲ್ಲ, ಆ ಭಯವನ್ನು ಬೆಸೆದು, ಬಣ್ಣ ಹಚ್ಚಿ, ಹಲಗೆಯ ಮೇಲೆ ಬರೆದು ನೆಟ್ಟವರು ಅಕ್ಷರಸ್ಥರಲ್ಲವೇ?

ಮಾಳವ್ವ ಈಗ ಮನೆಯಲ್ಲಿದ್ದಾಳೆ. ಹೊರಗೆ ಬರುವುದು ಕಡಿಮೆ. ಹುಲಿಗೆಪ್ಪ ಕುರಿಗಳನ್ನು ಅಣ್ಣನಿಗೆ ಒಪ್ಪಿಸಿ ಹೆಂಡತಿಯ ಬಳಿಯೇ ಕೂತಿರುತ್ತಾನೆ. ಮೊನ್ನೆ ಹೋದಾಗ ಆಕೆ ಹೇಳಿದಳು: "ವಿಷ ಐತಿ ಅಂದಿದ್ರೂ ಆಕ್ಕಿತ್ತು, ಇಲ್ಲ ಅಂದಿದ್ರೂ ಆಕ್ಕಿತ್ತು ಅಕ್ಕಾರ. ಏನೂ ಹೇಳಲಿಲ್ಲ. ಅದಕ ವಿಷ ಐತಿ ಅಂತ ನಾನ ಹೇಳ್ಕೊಂಡೆ."

ಈ ಪತ್ರ ಬರೆಯಲು ತುರ್ತು ಕಾರಣವೊಂದಿದೆ. ಅದೇ ಓಣಿಯ ಶೇಖರಮ್ಮ ಈಗ ಬಸುರಿ. ಆಕೆಯೂ ಆ ನೀರು ಕುಡಿದವಳೇ. ನಿನ್ನೆ ನಾನು ಕಾಲೇಜಿನಿಂದ ಬರುವಾಗ ನನ್ನ ಬಾಗಿಲಲ್ಲಿ ನಿಂತಿದ್ದಳು. ಏನು ಕೇಳಲು ಬಂದಿದ್ದಾಳೆಂದು ಇಬ್ಬರಿಗೂ ಗೊತ್ತಿತ್ತು. ಬಾವಿ ಮುಚ್ಚಿದ್ದು ಯಾಕೆಂದು ಈಗ ಹೇಳಬಲ್ಲೆ, ನೀರಿನಲ್ಲಿ ಏನಿತ್ತೆಂದು ಇನ್ನೂ ಹೇಳಲಾರೆ. ನಾಳೆ ಬಾ ಎಂದು ಕಳಿಸಿದ್ದೇನೆ. ಇನ್ನೆಷ್ಟು ಸಲ ನಾಳೆ ಬಾ ಎನ್ನಲಿ?

ಸ್ಥಾವರ ಬರಬೇಕೋ ಬೇಡವೋ ಎಂಬ ವಾದವನ್ನು ಬೇರೆ ದಿನ ಮಾಡೋಣ. ಆ ವಾದದಲ್ಲಿ ನಾನು ನಿಮ್ಮೆದುರೇ ನಿಲ್ಲುವವಳು, ಮುಚ್ಚಿಡುವುದಿಲ್ಲ. ಇಂದು ಕೇಳುವುದು ಇಷ್ಟೇ. ಆ ಮುಚ್ಚಳ ತೆಗೆಯಿರಿ, ನೀರನ್ನು ಪರೀಕ್ಷಿಸಿ. ಬಂದ ಫಲಿತಾಂಶವನ್ನು, ಒಳ್ಳೆಯದಿರಲಿ ಕೆಟ್ಟದಿರಲಿ, ಯಾರಾದರೂ ಒಬ್ಬ ಅಧಿಕಾರಿ ನಮ್ಮೂರಿನ ಕಟ್ಟೆಯ ಮೇಲೆ ಕೂತು, ನಮಗೆ ತಿಳಿಯುವ ಕನ್ನಡದಲ್ಲಿ ಬಾಯಿಬಿಟ್ಟು ಹೇಳಲಿ. ಶೇಖರಮ್ಮ ಮುಂದೆ ಕೂತಿರುತ್ತಾಳೆ. ಮುಂದಿನ ಪ್ರಶ್ನೆಗೆ ಹೋಗುವ ಮೊದಲು ಆಕೆಯ ಮುಖವನ್ನೊಮ್ಮೆ ನೋಡಿ. ಬೇಗ ಬನ್ನಿ ಮಾನ್ಯರೇ, ಗಂಗಾವತಿಗೆ ದಿನಕ್ಕೆ ಹಲವು ಬಸ್ಸುಗಳಿವೆ.

ಇಂತಿ,
ಅಣುವನ್ನು ಒಡೆದು ತೋರಿಸಬಲ್ಲ, ನಿಮ್ಮ ಬಾಯಿ ಬಿಡಿಸಲಾರದ,
ಶಿವಲೀಲಾ
ಭೌತಶಾಸ್ತ್ರ ಉಪನ್ಯಾಸಕಿ, ಯಲಬುರ್ಗಾ ಸೀಮೆ